ಎರಡು ಕೈಯ ಉತ್ತರ

ಗಣಿತದ ಪುಸ್ತಕದ ಕೊನೆಯ ಪುಟಗಳನ್ನು ಯಾರು ಬರೆಯುತ್ತಾರೆಂದು ಯಾವ ಮಗುವೂ ಕೇಳುವುದಿಲ್ಲ. ಲೆಕ್ಕ ಮಾಡುತ್ತದೆ, ಹಿಂದಕ್ಕೆ ತಿರುವುತ್ತದೆ, ಉತ್ತರ ತಾಳೆಯಾಗದಿದ್ದರೆ ತಪ್ಪು ತನ್ನದೇ ಎಂದುಕೊಂಡು ರಬ್ಬರ್ ಹುಡುಕುತ್ತದೆ. ಊರಿನ ಮುದ್ರಣಾಲಯವೊಂದರ ಪುಸ್ತಕಗಳಿಗೆ ಕೊನೆಯ ಪುಟಗಳನ್ನು ಒಂಬತ್ತು ವರ್ಷದಿಂದ ಬರೆಯುತ್ತಿದ್ದವರು ಇಬ್ಬರು, ಒಬ್ಬ ಹೆಂಗಸು, ಒಬ್ಬ ಹಿರಿಯರು. ಅಲ್ಲಿ ಅವರನ್ನು ಯಾರೂ ಹೆಸರು ಹಿಡಿದು ಕರೆಯುತ್ತಿರಲಿಲ್ಲ. ಅವಳು ಮೊದಲ ಕೈ, ಅವರು ಎರಡನೇ ಕೈ.

ಪದ್ಧತಿ ಹೀಗಿತ್ತು. ಲೇಖಕರು ಲೆಕ್ಕಗಳನ್ನು ಮಾತ್ರ ಕಳಿಸಬೇಕು, ಉತ್ತರ ಕಳಿಸಬಾರದು. ಲೆಕ್ಕದ ಹಾಳೆಗಳ ಒಂದು ಪ್ರತಿ ಮಹಡಿಯ ಮೇಲಿನ ಅವಳ ಕೋಣೆಗೆ ಹೋಗುತ್ತಿತ್ತು, ಇನ್ನೊಂದು ಕೆಳಗೆ ಕಾಗದದ ಗೋದಾಮಿನ ಪಕ್ಕದ ಕೋಣೆಗೆ. ಇಬ್ಬರೂ ಬೇರೆ ಬೇರೆ ಕೂತು ಬಿಡಿಸಿ, ಬರೀ ಉತ್ತರಗಳನ್ನು ದಾರ ಸುತ್ತುವ ಲಕೋಟೆಯಲ್ಲಿಟ್ಟು ಹಜಾರದ ಮರದ ಬೀರುವಿನಲ್ಲಿ ಇಡಬೇಕು. ಶುಕ್ರವಾರ ಗುಮಾಸ್ತೆ ಎರಡನ್ನೂ ತೆಗೆದು ಅಡ್ಡಪಟ್ಟಿ ಹಿಡಿದು ಸಾಲು ಸಾಲಾಗಿ ತಾಳೆ ನೋಡುತ್ತಿದ್ದಳು. ಎಲ್ಲರ ಬಾಯಲ್ಲೂ ಅವಳು ತಾಳೆಯಮ್ಮ. ಉತ್ತರ ಒಂದೇ ಆದರೆ ಅಚ್ಚಿಗೆ. ಬೇರೆಯಾದರೆ ಇಬ್ಬರಿಗೂ ಒಂದೊಂದು ಚೀಟಿ, ಅದರಲ್ಲಿ ಲೆಕ್ಕದ ಸಂಖ್ಯೆ ಮತ್ತು 'ಮತ್ತೆ' ಎಂಬ ಒಂದು ಮಾತು. ಬೇರೆ ಬೇರೆ ಇಬ್ಬರು ಒಂದೇ ಜಾಗದಲ್ಲಿ ಒಂದೇ ತಪ್ಪು ಮಾಡಲಾರರು ಎಂಬ ನಂಬಿಕೆಯ ಮೇಲೆ ಇಷ್ಟೂ ನಿಂತಿತ್ತು. ಅದಕ್ಕೇ ಕೆಲಸಕ್ಕೆ ಸೇರುವಾಗ ಒಂದು ಕಾಗದಕ್ಕೆ ಸಹಿ ಹಾಕಬೇಕಿತ್ತು: ಇನ್ನೊಂದು ಕೈಯೊಂದಿಗೆ ನೆಂಟಸ್ತನ ಉಂಟೆ?

ಅವಳು 'ಇಲ್ಲ' ಎಂದು ಬರೆದಿದ್ದಳು. ಎರಡನೇ ಕೈ ಅವಳ ತಾಯಿಯ ಒಡಹುಟ್ಟಿದ ತಮ್ಮ.

ಹಾಗೆ ಬರೆಸಿದವರೂ ಮಾವನೇ. "ನಿನ್ನನ್ನ ಕರೀತಿರೋದು ಲೆಕ್ಕ ಮಾಡೋಕೆ, ನೆಂಟಸ್ತನ ಹೇಳ್ಕೊಳ್ಳೋಕಲ್ಲ. ಇಲ್ಲ ಅಂತ ಬರಿ" ಎಂದಿದ್ದರು. ಅಂದಿನಿಂದ ಆ ಕಟ್ಟಡದೊಳಗೆ ಮಾವ ಅವಳಿಗೆ 'ಸರ್', ಅವಳು ಮಾವನಿಗೆ 'ನೀವು'. ಬೆಳಿಗ್ಗೆ ಒಂದೇ ಬಸ್ಸು ಹತ್ತಿದರೂ ಒಬ್ಬರು ಮುಂದೆ, ಒಬ್ಬರು ಹಿಂದೆ. ಒಮ್ಮೆ ಮೆಟ್ಟಿಲ ಮೇಲೆ ಎದುರಾದಾಗ ಬಾಯಿ ತಪ್ಪಿ 'ಮಾ' ಎಂದವಳು, ಉಳಿದರ್ಧವನ್ನು ಕೆಮ್ಮಿ ನುಂಗಿಕೊಂಡಿದ್ದಳು. ಆ ದಿನವಿಡೀ ಮಾವ ಮುಖ ಊದಿಸಿಕೊಂಡಿದ್ದರು.

ಮಂಗಳವಾರ ಮ್ಯಾನೇಜರ್ ಅವಳನ್ನು ಕರೆಸಿದರು. ಕಾಗದದ ತೂಕ, ಶಾಯಿಯ ಬಣ್ಣ, ಹೊಲಿಗೆಯ ದಾರ ಇವೆಲ್ಲ ಅವರಿಗೆ ಅಂಗೈಗೆರೆಯಷ್ಟು ಪರಿಚಿತ. ಬೀಜಗಣಿತ ಮಾತ್ರ ಕಣ್ಣಿಗೆ ಬಿದ್ದರೆ ಸಾಕು, ಕನ್ನಡಕ ತೆಗೆದು ಒರೆಸತೊಡಗುತ್ತಿದ್ದರು. ಈಗಲೂ ಒರೆಸುತ್ತಿದ್ದರು.

"ಈ ಸಲದ ಲೇಖಕರು ಸ್ವಲ್ಪ ಅನುಮಾನದ ಮನುಷ್ಯ. ನಮ್ಮ ಪದ್ಧತಿ ಹೇಳಿದ್ರೂ ಕೇಳದೆ ತಮ್ಮ ಉತ್ತರಗಳನ್ನ ಒಂದು ಕವರಿಗೆ ಹಾಕಿ ಅಂಟಿಸಿ ಕಳಿಸಿದ್ರು. ನಿಮ್ಮ ಪುಟ ತಯಾರಾದ್ಮೇಲೆ ಒಡೆದು ನೋಡಿ ಅಂತ. ನಿನ್ನೆ ಒಡೆದ್ವಿ."

"ಘಾತಾಂಕದ ಪಾಠದ್ದಾ ಸರ್?"

"ಅದೇ. ಅರವತ್ತರಲ್ಲಿ ಐವತ್ತೊಂಬತ್ತು ಸರಿ. ಮೂವತ್ತೇಳನೇದು ತಪ್ಪು."

ಅವಳಿಗೆ ನಾಚಿಕೆಯಾಯಿತು. "ಒಂದು ತಪ್ಪಾಗಿದೆ ಸರ್. ತಿದ್ದಿಕೊಡ್ತೀನಿ."

"ಒಬ್ಬರು ಮಾಡಿದ್ರೆ ತಪ್ಪು ಅಂತ ನಾನೂ ಬಿಟ್ಟುಬಿಡ್ತಿದ್ದೆ. ಇಬ್ಬರೂ ಮಾಡಿದ್ದೀರಿ. ಇಬ್ಬರದ್ದೂ ಒಂದೇ ತಪ್ಪು, ಒಂದೇ ಅಂಕಿ." ಅವರು ಕನ್ನಡಕ ಏರಿಸಿ ಅವಳನ್ನು ನೋಡಿದರು. "ನಾನು ಲೆಕ್ಕದಲ್ಲಿ ದಡ್ಡ, ಒಪ್ಪಿದೆ. ಆದ್ರೆ ಸ್ಕೂಲಿಗೆ ಹೋದವನೇ. ಇದಕ್ಕೆ ಏನಂತಾರೆ ಅಂತ ನನಗೆ ಗೊತ್ತು."

ಅವರು ಒಡೆದ ಕವರನ್ನು ಅವಳತ್ತ ಸರಿಸಿದರು.

"ಕೆಳಗಿನ ಕೋಣೆಯವರನ್ನೂ ಕರೆದು ಕೇಳಿದೆ, ಉತ್ತರ ಹೋಲಿಸಿ ನೋಡ್ಕೊಂಡ್ರಾ ಅಂತ. ಇಲ್ಲ ಅಂದ್ರು, ಎದ್ದುಹೋದ್ರು. ಯಾವ ಲೆಕ್ಕ ಅಂತ ಕೂಡ ಕೇಳಲಿಲ್ಲ. ನೀವು ಸಂಸಾರ ನಡೆಸೋರು, ತಾಯಿ ಇದ್ದಾರೆ. ಸೋಮವಾರದವರೆಗೆ ಟೈಮ್ ಕೊಡ್ತೀನಿ. ಯಾರು ಯಾರದ್ದು ನೋಡಿದ್ರು ಅಂತ ಹೇಳಿ, ಒಬ್ಬರಾದ್ರೂ ಉಳೀತೀರಿ. ಹೇಳದಿದ್ರೆ ಇಬ್ಬರನ್ನೂ ಬಿಡಬೇಕಾಗುತ್ತೆ."

ಕೋಣೆಗೆ ಬಂದು ಅವಳು ಮೂವತ್ತೇಳನೆಯ ಲೆಕ್ಕವನ್ನು ತೆರೆದಳು. 'ಸುಲಭೀಕರಿಸಿ' ಎಂದಿತ್ತು. x, ಅದರ ತಲೆಯ ಮೇಲೆ ಒಂದು 2, ಆ 2ರ ತಲೆಯ ಮೇಲೆ ಇನ್ನೂ ಸಣ್ಣದಾಗಿ ಒಂದು 3. ಇಷ್ಟನ್ನು ಮತ್ತೊಂದು x ನಿಂದ ಗುಣಿಸಬೇಕು. ಶಾಲೆಯ ಪುಸ್ತಕಗಳಲ್ಲಿ ಹೀಗೆ ಘಾತದ ಮೇಲೆ ಘಾತ ಕೂರುವುದು ಅಪರೂಪ. ಅವಳು ಎರಡು ಮೂರಲ ಆರು ಎಂದು x⁶ ಮಾಡಿ, ಇನ್ನೊಂದು x ಸೇರಿಸಿ x⁷ ಎಂದು ಬರೆದಿದ್ದಳು. ಲೇಖಕರ ಉತ್ತರ x⁹. ಕಪಾಟಿನ ದಪ್ಪ ಪುಸ್ತಕ ತೆಗೆದು ನೋಡಿದಳು. ಲೇಖಕರೇ ಸರಿ. ಆವರಣ ಇಲ್ಲದಿದ್ದಾಗ ಮೇಲಿನಿಂದ ಕೆಳಗೆ ಬರಬೇಕು. 2ರ ಘಾತ 3 ಎಂದರೆ ಎಂಟು. x⁸, ಇನ್ನೊಂದು x ಸೇರಿ x⁹.

ಯಾವ ಆತುರದಲ್ಲಿದ್ದೆನೋ ಎಂದುಕೊಂಡಳು. ತನ್ನ ಕೈ ಜಾರಿತು, ಸರಿ. ಆದರೆ ಅದೇ ವಾರ, ಅದೇ ಲೆಕ್ಕದಲ್ಲಿ, ಮಾವನ ಕೈಯೂ ಅಷ್ಟೇ ದೂರ ಜಾರಿತೆ? ಉದ್ದನೆಯ ಬೀಜೋಕ್ತಿಯಲ್ಲಿ ಮೇಲಿನದನ್ನೂ ಕೆಳಗಿನದನ್ನೂ ಹೊಡೆದುಹಾಕುತ್ತ ಬರುವ ಹಾಗೆ ಅವಳು ಒಂದೊಂದನ್ನೇ ಹೊಡೆದುಹಾಕಿದಳು. ತಾನು ಅವರದ್ದನ್ನು ನೋಡಿಲ್ಲ, ಹೊಡೆದುಹಾಕು. ತಾಳೆಯಮ್ಮ ಉತ್ತರ ತಿದ್ದುವವಳಲ್ಲ, ಅವಳಿಗೆ ಲೆಕ್ಕ ಬರುವುದಿಲ್ಲ, ಹೊಡೆದುಹಾಕು. ಕೊನೆಗೆ ಉಳಿದದ್ದು ಒಂದೇ. ಅದನ್ನು ಮನಸ್ಸಿನಲ್ಲಿ ಹೇಳಿಕೊಳ್ಳಲೂ ಅವಳ ನಾಲಿಗೆ ಏಳಲಿಲ್ಲ.

ಯಾಕೆಂದರೆ ಅದು ಅಂಥ ಮಾವ. ಹದಿಮೂರನೆಯ ವಯಸ್ಸಿನಲ್ಲಿ ಅವಳು ಲೆಕ್ಕದಲ್ಲಿ ನಪಾಸಾದಾಗ, ಮಾವ ಹೊಸ ಪುಸ್ತಕ ತಂದು, ಅವಳ ಕಣ್ಣೆದುರೇ ಬ್ಲೇಡಿನಿಂದ ಉತ್ತರದ ಪುಟಗಳನ್ನೆಲ್ಲ ಕತ್ತರಿಸಿ ಒಲೆಗೆ ಹಾಕಿದ್ದರು. "ಹಿಂದಗಡೆ ನೋಡೋದು ಅಂದ್ರೆ ಬೇರೆಯವರ ಜೇಬಿಗೆ ಕೈ ಹಾಕೋದು" ಎಂದಿದ್ದರು. ಪ್ರತಿ ಭಾನುವಾರ ತಮ್ಮ ಮನೆಯ ಮೆಟ್ಟಿಲ ಮೇಲೆ ಕೂರಿಸಿಕೊಂಡು, ಅತ್ತೆಯ ಹೊಲಿಗೆ ಡಬ್ಬಿ ಸುರುವಿ, ಗುಂಡಿ ಬೇರೆ, ದಾರದ ಉಂಡೆ ಬೇರೆ ಮಾಡಿಸಿ, "ಗುಂಡಿಗೆ ದಾರ ಕೂಡಿಸ್ತೀಯಾ? ಇಲ್ಲ ತಾನೆ. ಹಾಗಾದ್ರೆ a ಗೆ b ಯಾಕೆ ಕೂಡಿಸ್ತೀಯ?" ಎಂದು ಸಜಾತಿ ಪದಗಳನ್ನು ಕಲಿಸಿದವರು. ಅವಳಿಗೆ ಬರುವ ಲೆಕ್ಕವೆಲ್ಲ ಆ ಮೆಟ್ಟಿಲ ಮೇಲಿನದು.

ಬುಧವಾರದಿಂದ ಅವಳ ಕಣ್ಣು ಬೇರೆಯಾಯಿತು. ಒಂಬತ್ತು ವರ್ಷ ನೋಡಿಯೂ ನೋಡದ ವಸ್ತುಗಳು ಒಂದೊಂದಾಗಿ ಬಾಯಿಬಿಡತೊಡಗಿದವು. ಹಜಾರದ ಬೀರುವಿಗೆ ಬೀಗವಿಲ್ಲ, ಬರೀ ಚಿಲಕ. ಬೀರುವಿನಿಂದ ಮಾವನ ಕೋಣೆಗೆ ಹತ್ತು ಹೆಜ್ಜೆ, ತನ್ನ ಕೋಣೆಗೆ ಒಂದು ಮಹಡಿ. ತಾನು ಲಕೋಟೆ ಇಡುವುದು ಸಾಮಾನ್ಯವಾಗಿ ಗುರುವಾರ, ಮಾವ ಇಡುವುದು ಶುಕ್ರವಾರ ಮಧ್ಯಾಹ್ನ, ಯಾವಾಗಲೂ ಕೊನೆಯ ಗಳಿಗೆಗೆ. ಯಾಕೆ ಯಾವಾಗಲೂ ಕೊನೆಯ ಗಳಿಗೆಗೆ?

ಮಧ್ಯಾಹ್ನ ಊಟದ ಡಬ್ಬಿ ತೊಳೆಯುವ ನೆಪದಲ್ಲಿ ಕೆಳಗಿಳಿದು ನಲ್ಲಿಯ ಬಳಿ ನಿಂತಳು. ಮಾವನ ಕೋಣೆ ಖಾಲಿ. ಇಪ್ಪತ್ತು ನಿಮಿಷ ಕಳೆದ ಮೇಲೆ ಬೀರುವಿನ ಪಕ್ಕದ ಗೋದಾಮಿನ ಬಾಗಿಲು ಅರ್ಧ ತೆರೆಯಿತು. ಮಾವ ಮೊದಲು ತಲೆ ಹೊರಗೆ ಹಾಕಿ, ಆ ಕಡೆ ಈ ಕಡೆ ನೋಡಿ, ಆಮೇಲೆ ಇಡಿಯಾಗಿ ಬಂದರು. ಕೈಯಿಂದ ಮುಖ ಒರೆಸಿಕೊಂಡರು. ಅವಳನ್ನು ಕಂಡು ತಡೆದರು.

"ಊಟ ಆಯ್ತಾ ಸರ್?"

"ಆಯ್ತು. ನಿಮ್ಮದು?"

"ಆಯ್ತು."

ನಲ್ಲಿಯ ನೀರು ಡಬ್ಬಿ ತುಂಬಿ ಹೊರಗೆ ಹರಿಯುತ್ತಿತ್ತು. ಮ್ಯಾನೇಜರ್ ಕರೆಸಿದ್ದರ ಬಗ್ಗೆ ಮಾವ ಒಂದು ಮಾತು ಕೇಳಬಹುದಿತ್ತು, ಕಣ್ಣಲ್ಲಾದರೂ. ಕೇಳಲಿಲ್ಲ. ತಮ್ಮ ಕೋಣೆಗೆ ಹೋಗಿ ಬಾಗಿಲು ಮುಂದಕ್ಕೆ ಮಾಡಿಕೊಂಡರು.

ಸಂಜೆ ತಾಳೆಯಮ್ಮನ ಮೇಜಿನ ಬಳಿ ಹೋಗಿ, ಪಿನ್ನು ಬೇಕೆಂಬ ನೆಪ ಮಾಡಿ ನಿಂತಳು. "ನನ್ನ ಲಕೋಟೆ ನಿಮ್ಮ ಕೈಗೆ ಬರುವಾಗ ದಾರ ಸುತ್ತಿರುತ್ತಾ?"

"ಒಂದೊಂದು ಸಲ ಇರುತ್ತೆ, ಒಂದೊಂದು ಸಲ ಇರಲ್ಲ. ಯಾಕಮ್ಮ, ಒಳಗೆ ಪ್ರೇಮಪತ್ರ ಇಟ್ಟಿರ್ತೀಯಾ?" ತಾಳೆಯಮ್ಮ ನಕ್ಕು, ಅಡ್ಡಪಟ್ಟಿಯಿಂದ ಬೆನ್ನು ಕೆರೆದುಕೊಂಡಳು. "ನಿಮ್ಮಿಬ್ಬರಿಗೂ ದೇವರು ಒಂದೇ ತಲೆ ಕೊಟ್ಟು ಎರಡು ಕುತ್ತಿಗೆ ಮೇಲೆ ಇಟ್ಟಿದ್ದಾನೆ ಕಣೆ. ಹಳೇ ಜೋಡಿ ಇದ್ದಾಗ ವಾರಕ್ಕೆ ಹತ್ತು ಚೀಟಿ ಬರೀತಿದ್ದೆ. ನೀವು ಬಂದ್ಮೇಲೆ ಚೀಟಿ ಪುಸ್ತಕ ಸವೆಯೋದೇ ಇಲ್ಲ. ನನಗೂ ನನ್ನ ಗಂಡನಿಗೂ ಮದುವೆ ಆದ ತಾರೀಖೇ ತಾಳೆ ಆಗಲ್ಲ, ನಿಮ್ಮದು ನೋಡು."

ಅವಳು ನಗಲು ನೋಡಿದಳು. ಹಾಗಾದರೆ ಒಂದು ವಾರದ ಮಾತಲ್ಲ. ಒಂಬತ್ತು ವರ್ಷ.

ಆ ರಾತ್ರಿ ಊಟಕ್ಕೆ ಕೂತಾಗ ಅಮ್ಮನನ್ನು ಕೇಳಿದಳು, "ಮಾವ ಚಿಕ್ಕವರಿದ್ದಾಗ ಸುಳ್ಳು ಹೇಳ್ತಿದ್ರಾ?"

"ನನ್ನ ತಮ್ಮನಾ? ಸುಳ್ಳು ಹೇಳೋಕೆ ಅವನಿಗೆ ಬುದ್ಧಿ ಬೇಕಲ್ಲ" ಎಂದಳು ಅಮ್ಮ. "ಯಾಕೆ ಕೇಳಿದೆ?"

"ಸುಮ್ಮನೆ."

ಗುರುವಾರ ಅವಳು ಬಲೆ ಹಾಕಿದಳು. ಹೊಸ ಪಾಠದ ಹಾಳೆಗಳಲ್ಲಿ ಹದಿನಾಲ್ಕನೆಯ ಲೆಕ್ಕ ನೀರು ಕುಡಿದಷ್ಟು ಸುಲಭದ್ದು: (3a²b)³ ನ್ನು 9a⁴b ಯಿಂದ ಭಾಗಿಸಬೇಕು. ಉತ್ತರ 3a²b². ಅವಳು 3a²b³ ಎಂದು ಬರೆಯಲು ಪೆನ್ನು ಎತ್ತಿದಳು. ಬೇಕೆಂದೇ ತಪ್ಪು ಬರೆಯುವುದು ಇಷ್ಟು ಕಷ್ಟವೆಂದು ಅವಳಿಗೆ ಗೊತ್ತಿರಲಿಲ್ಲ. ಕೈ ತಾನಾಗಿಯೇ 2 ಬರೆಯಲು ಹೋಗುತ್ತಿತ್ತು. ಎರಡು ಸಲ ಕಾಗದ ಹರಿದು, ಮೂರನೆಯದರಲ್ಲಿ ಆ ಸಣ್ಣ 3 ನ್ನು ಬರೆದಳು. ಮೈಲಿ ದೂರ ನಡೆದವಳಂತೆ ಬೆವರಿದ್ದಳು. ಲಕೋಟೆಗೆ ಎರಡು ಸುತ್ತು ದಾರ ಸುತ್ತಿ, ಬೀರುವಿನ ಮುಂದಿನ ಅಂಚಿನಲ್ಲೇ ಇಟ್ಟು ಬಂದಳು. ಅವರ ಹಾಳೆಯಲ್ಲೂ b ಯ ತಲೆಯ ಮೇಲೆ 3 ಬಂದರೆ ಸಂಶಯ ಸಂಶಯವಾಗಿ ಉಳಿಯುವುದಿಲ್ಲ.

ಶುಕ್ರವಾರ ನಾಲ್ಕು ಗಂಟೆಗೆ ತಾಳೆಯಮ್ಮ ಏದುಸಿರು ಬಿಡುತ್ತ ಮಹಡಿ ಹತ್ತಿ ಬಂದು ಮೇಜಿನ ಮೇಲೆ ಚೀಟಿ ಇಟ್ಟಳು. "ತಗೋ, ನಿನ್ನ ದೃಷ್ಟಿ ತೆಗೆದ ಹಾಗಾಯ್ತು."

'14 ಮತ್ತೆ.'

ಮಾವ ಅದನ್ನು ನಕಲು ಮಾಡಿರಲಿಲ್ಲ. ಅವಳಿಗೆ ಹಗುರಾಗಬೇಕಿತ್ತು, ಆಗಲಿಲ್ಲ. ಮ್ಯಾನೇಜರ್ ಕರೆಸಿದ ಮೇಲೂ ಯಾರಾದರೂ ಅದೇ ವಾರ ನೋಡಿ ಬರೆಯುತ್ತಾರೆಯೇ? ಮಾವ ಎಚ್ಚರವಾಗಿದ್ದಾರೆ, ಅಷ್ಟೇ. ಅಥವಾ ಲಕೋಟೆ ಬಿಚ್ಚಿ ನೋಡಿಯೇ, ತಪ್ಪು ಕಂಡು, ಬಲೆಯ ವಾಸನೆ ಹಿಡಿದು ಸರಿ ಉತ್ತರ ಬರೆದಿರಬಹುದು. ಹೀಗೆ ಯೋಚಿಸುತ್ತ ಹೋದರೆ ಮಾವ ಏನು ಮಾಡಿದರೂ ಕಳ್ಳನೇ ಆಗುತ್ತಾರೆಂದು ಅವಳಿಗೆ ಒಂದು ಕ್ಷಣ ಹೊಳೆಯಿತು. ಆದರೂ ಆ ಯೋಚನೆ ಕೈಬಿಡಲಿಲ್ಲ. 3a²b² ಎಂದು ತಿದ್ದಿ ಚೀಟಿ ಕೆಳಗೆ ಕಳಿಸಿದಳು.

ಭಾನುವಾರ ಬೆಳಿಗ್ಗೆ ಮಾವನ ಮನೆಗೆ ಹೋದಳು. ಅತ್ತೆ ಬಾಗಿಲಲ್ಲೇ ಕೈಗೆ ಒಂದು ಶರ್ಟು ಹಿಡಿಸಿದಳು.

"ನೋಡೇ ಇದನ್ನ. ಬೆನ್ನ ತುಂಬ ಕಾಗದದ ಧೂಳು. ಎಷ್ಟು ಉಜ್ಜಿದ್ರೂ ಹೋಗಲ್ಲ. ನಿಮ್ಮ ಮಾವ ಅಲ್ಲಿ ಕೆಲಸ ಮಾಡ್ತಾರೋ, ಉರುಳುಸೇವೆ ಮಾಡ್ತಾರೋ?"

ಒಳಗಿನಿಂದ ಮಾವ, "ಸುಮ್ನಿರೆ" ಎಂದರು.

"ಯಾಕೆ ಸುಮ್ನಿರ್ಬೇಕು? ಮಧ್ಯಾಹ್ನ ಗೋದಾಮಿನಲ್ಲಿ ಕಾಗದದ ಕಟ್ಟಿನ ಮೇಲೆ ಮಲಗಿ ಗೊರಕೆ ಹೊಡೀತಾರಂತೆ. ಯಾರಾದ್ರೂ ನೋಡಿದ್ರೆ ಮರ್ಯಾದೆ ಹೋಗುತ್ತೆ ಅಂತ ಕಳ್ಳನ ಹಾಗೆ ಇಣುಕಿ ಇಣುಕಿ ಹೊರಗೆ ಬರ್ತಾರಂತೆ. ಅರವತ್ತೊಂಬತ್ತು ವರ್ಷಕ್ಕೆ ನಿದ್ದೆ ಬರದೆ ಇನ್ನೇನು ಬರುತ್ತೆ ಹೇಳು." ಅತ್ತೆ ಶರ್ಟು ಕಿತ್ತುಕೊಂಡು ಹಿತ್ತಲಿಗೆ ಹೋದಳು.

ಅವಳು ಮೇಜಿನ ಎದುರಿನ ಕುರ್ಚಿಯಲ್ಲಿ ಕೂತಳು. ಮಾವ ಪತ್ರಿಕೆ ಮಡಚಿಟ್ಟರು. ಹಿತ್ತಲಿನಲ್ಲಿ ಬಟ್ಟೆ ಒಗೆಯುವ ಸದ್ದು ಶುರುವಾಯಿತು.

"ಹದಿನಾಲ್ಕನೇ ಲೆಕ್ಕ ನೀನು ತಪ್ಪೋ ಲೆಕ್ಕ ಅಲ್ಲ" ಎಂದರು ಮಾವ.

ಅವಳು ಪತ್ರಿಕೆಯ ಮಡಿಕೆಯನ್ನು ಬೆರಳಿನಿಂದ ಒತ್ತಿ ಸಮ ಮಾಡಿದಳು.

"ಚೀಟಿ ಬಂದಾಗ ನನಗೆ ಭಯ ಆಯ್ತು, ನಾನೇ ಎಡವಿದೆನಾ ಅಂತ. ಮೂರು ಸಲ ಮಾಡಿದೆ. ನಾನು ಸರಿ ಇದ್ದೆ. ಹಾಗಾದ್ರೆ ನೀನು ತಪ್ಪಿದ್ದೀಯ. ಅದರಲ್ಲಿ ನೀನು ಹೇಗೆ ತಪ್ತೀಯ? ಬೇಕಂತಲೇ ಬರೆದಿರಬೇಕು. ಯಾಕೆ ಬೇಕಂತ ಬರೀತಾಳೆ? ನಾನು ನೋಡಿ ಬರೀತೀನೇನೋ ಅಂತ." ಮಾವ ಒಂದೊಂದು ಹೆಜ್ಜೆಯನ್ನೂ ಕರಿಹಲಗೆಯ ಮೇಲೆ ಬರೆಯುವ ಹಾಗೆ ಹೇಳಿದರು. "ಸರಿ ತಾನೆ?"

"ಸರಿ ಮಾವ."

"ಯಾಕೆ?"

"ಮೂವತ್ತೇಳನೇದರಲ್ಲಿ ನಾನು ಬರೆದ ತಪ್ಪೇ ನಿಮ್ಮ ಹಾಳೆಯಲ್ಲೂ ಇತ್ತು. ಅಂಕಿ ಕೂಡ ಅದೇ. ನಾನು ನಿಮ್ಮದು ನೋಡಿಲ್ಲ."

"ಯಾವುದು ಮೂವತ್ತೇಳು? ಅವರು ನನಗೆ ಲೆಕ್ಕ ಹೇಳಲೇ ಇಲ್ಲ. ನೋಡಿಕೊಂಡ್ರಾ ಅಂತ ಕೇಳಿದ್ರು. ಆ ಮಾತಿಗೆ ನನಗೆ ಮೈ ಉರಿದು ಎದ್ದು ಬಂದುಬಿಟ್ಟೆ."

ಅವಳು ಪತ್ರಿಕೆಯ ಅಂಚಿನಲ್ಲಿ ಲೆಕ್ಕ ಬರೆದು ಅವರತ್ತ ತಿರುಗಿಸಿದಳು. x, ಅದರ ಮೇಲೆ 2, ಅದರ ಮೇಲೆ 3, ಪಕ್ಕದಲ್ಲಿ ಇನ್ನೊಂದು x. ಮಾವ ಪೆನ್ಸಿಲ್ ತೆಗೆದುಕೊಂಡರು. ಒಂದು ಗಳಿಗೆಯೂ ಯೋಚಿಸದೆ 2ರಿಂದ 3ಕ್ಕೆ ಸಣ್ಣದೊಂದು ಕಮಾನು ಎಳೆದು, ಕಮಾನಿನ ಮೇಲೆ 6 ಎಂದು ಬರೆದರು. ಕೆಳಗೆ x⁷.

"ಇದೇ ತಾನೆ? ಇದರಲ್ಲಿ ನೋಡಿ ಬರೆಯೋದಕ್ಕೆ ಏನಿದೆ?"

ಅವಳು ಆ ಕಮಾನನ್ನೇ ನೋಡುತ್ತಿದ್ದಳು. ಎಡಗಡೆ ಸ್ವಲ್ಪ ದಪ್ಪ, ಬಲಗಡೆ ಬಾಲ ಬಿಟ್ಟು ಏರಿದ ಕಮಾನು. ಮಹಡಿಯ ಕೋಣೆಯ ಕಸದ ಬುಟ್ಟಿಯಲ್ಲಿದ್ದ ಅವಳ ಕಚ್ಚಾ ಹಾಳೆಯ ಮೇಲೆ ಅದೇ ಕಮಾನು ಇತ್ತು, ಅದೇ ಬಾಲ. ಅದು ಕೈ ಜಾರಿದ್ದಲ್ಲ. ಅವಳಿಗೆ ಕಲಿಸಿದ್ದೇ ಹಾಗೆ. ಮೆಟ್ಟಿಲ ಮೇಲೆ ಕೂತು ಯಾವುದೋ ಒಂದು ಭಾನುವಾರ ಕಲಿತದ್ದು, ಕಲಿತೆನೆಂಬುದೂ ಮರೆತುಹೋಗಿ, ಹುಟ್ಟಿನಿಂದಲೇ ಬಂದದ್ದೆಂಬ ಹಾಗೆ ಬೆರಳಲ್ಲಿ ಕೂತಿತ್ತು. ಇಡೀ ವಾರ ಅವಳು ಮಾವನನ್ನು ಕಳ್ಳನೆಂದು ನಂಬಲು ನೂರು ಕಾರಣ ಹುಡುಕಿದ್ದಳು. ಮಾವನಿಗೆ ಗೊತ್ತಿಲ್ಲ ಎಂಬುದು ಮಾತ್ರ ಒಮ್ಮೆಯೂ ತಲೆಗೆ ಬಂದಿರಲಿಲ್ಲ.

ಹೇಳದೆ ಎದ್ದುಹೋಗಬಹುದಿತ್ತು.

"ಮೇಲಿಂದ ಕೆಳಕ್ಕೆ ಬರ್ಬೇಕು ಮಾವ. ಮೊದಲು 2ರ ಘಾತ 3. ಎಂಟು."

"ಯಾರು ಹೇಳಿದ್ದು?"

"ಎಲ್ಲ ಪುಸ್ತಕದಲ್ಲೂ ಇದೆ."

ಮಾವ ಲೆಕ್ಕವನ್ನು ನೋಡಿದರು. ಬಹಳ ಹೊತ್ತು ನೋಡಿದರು. ಹಿತ್ತಲಲ್ಲಿ ಅತ್ತೆ ಬಟ್ಟೆ ಹಿಂಡಿ ಕೊಡವುತ್ತಿದ್ದಳು. ಆಮೇಲೆ ಮಾವ ಪೆನ್ಸಿಲಿನಿಂದ x² ನ್ನು ಆವರಣದೊಳಗೆ ಕೂರಿಸಿ, ಹೊರಗೆ 3 ಬರೆದು, ಅದರ ಮುಂದೆ x⁶ ಎಂದು ಬರೆದರು. ಆವರಣವಿಲ್ಲದ್ದನ್ನು ಮತ್ತೆ ಪಕ್ಕದಲ್ಲಿ ಬರೆದುಕೊಂಡು ಎರಡನ್ನೂ ಜೊತೆಯಾಗಿ ದಿಟ್ಟಿಸಿದರು. ಯಾರೂ ಅವರಿಗೆ ಹೆಚ್ಚು ಹೇಳಬೇಕಾಗಲಿಲ್ಲ.

"ಎರಡೂ ಒಂದೇ ಆಗಿದ್ರೆ ಆವರಣ ಯಾಕೆ ಬೇಕಿತ್ತು" ಎಂದರು ತಮಗೆ ತಾವೇ. "ಅಲ್ಲಿ ಇಲ್ಲದ ಆವರಣ ನಾನೇ ಹಾಕ್ಕೊಂಡು ಓದಿಬಿಟ್ಟಿದ್ದೀನಿ."

"ಶಾಲೆ ಪುಸ್ತಕದಲ್ಲಿ ಬರೋದು ಅಪರೂಪ ಮಾವ. ಅದಕ್ಕೇ ಯಾರಿಗೂ..."

"ಮೂವತ್ತೊಂದು ವರ್ಷ ಶಾಲೇಲಿ ಪಾಠ ಮಾಡಿದೀನಿ." ಅವರು ಪೆನ್ಸಿಲನ್ನು ಮೇಜಿಗೆ ಸಮನಾಗಿ ಇಟ್ಟರು. ಆಮೇಲೆ ಕೇಳಿದರು, "ಕದ್ದೆ ಅಂದ್ಕೊಂಡೆ. ಗೊತ್ತಿಲ್ಲ ಅಂತ ಅಂದ್ಕೊಳ್ಳಲಿಲ್ಲ ಅಲ್ವಾ?"

"ಅದು ಹೊಳೀಲೇ ಇಲ್ಲ."

"ಅದನ್ನ ನಾನು ಗೌರವ ಅಂತ ತಗೋಬೇಕಾ?"



ಅವಳು ಸೋಮವಾರದ ಗಡುವಿನ ವಿಷಯ ಹೇಳಿದಳು. ಯಾರೆಂದು ಹೇಳಿದರೆ ಒಬ್ಬರಾದರೂ ಉಳಿಯುವ ಮಾತನ್ನೂ ಹೇಳಿದಳು. ಮಾವ ಕೇಳಿ, ಎದ್ದು ಕಿಟಕಿಯ ಬಳಿ ಹೋದರು.

"ನಾನು ನಿನ್ನದು ನೋಡಿ ಬರೆದೆ ಅಂತ ಹೇಳಿಬಿಡು."

"ಮಾವ."

"ಯೋಚಿಸಿಯೇ ಹೇಳ್ತಿರೋದು. ನಿನ್ನ ಕೆಲಸ ಉಳಿಯುತ್ತೆ. ನನಗಂತೂ ಸಾಕಾಗಿದೆ. ಮುದುಕ ಕಾಪಿ ಹೊಡೆದ ಅಂದ್ರೆ ನಾಲ್ಕು ದಿನ ಆಡ್ಕೊಂಡು ನಗ್ತಾರೆ, ಮರೀತಾರೆ. ಇದು ಹಾಗಲ್ಲ." ಅವರ ಧ್ವನಿ ಸಣ್ಣದಾಯಿತು. "ಇದನ್ನ ಹೇಳ್ಬೇಡ."

 ಅತ್ತೆ ಚಹಾ ತಂದಳು. ಮೂವರೂ ಕುಡಿದರು.

ಸೋಮವಾರ ಅವಳು ಏಳು ಗಂಟೆಗೇ ಬಂದು, ಕಾವಲುಗಾರನಿಂದ ಹಳೆಯ ಪುಸ್ತಕಗಳ ಕೋಣೆ ತೆಗೆಸಿದಳು. ಮಾವ ಹೇಳಿದ ಸುಳ್ಳನ್ನು ಹೇಳುವುದೆಂದು ಬಸ್ಸಿನಲ್ಲಿ ಅರ್ಧ ತೀರ್ಮಾನಿಸಿಯೇ ಬಂದಿದ್ದಳು. ಅದಕ್ಕೆ ಮುಂಚೆ ಒಂದನ್ನು ನೋಡಿಬಿಡಬೇಕೆನಿಸಿತು, ಅಷ್ಟೇ. ಒಂಬತ್ತು ವರ್ಷದ ಪುಸ್ತಕಗಳಲ್ಲಿ ಘಾತಾಂಕದ ಪಾಠಗಳನ್ನು ಮಾತ್ರ ತಿರುವಿದಳು. ಎರಡು ಪುಸ್ತಕಗಳಲ್ಲಿ ಅಂಥ ಮೂರು ಲೆಕ್ಕ ಸಿಕ್ಕವು. ಮೂರರ ಉತ್ತರವೂ ತಪ್ಪು. ಒಂದು ಪುಸ್ತಕ ಐದು ಸಲ ಮರುಮುದ್ರಣವಾಗಿತ್ತು. ಸರಿಯಾಗಿ ಎಂಟು ಎಂದು ಮಾಡಿ, ಹಿಂದಕ್ಕೆ ತಿರುವಿ ಆರು ನೋಡಿ, ರಬ್ಬರ್ ಹುಡುಕಿದ ಮಕ್ಕಳು ಎಷ್ಟು ಜನವೋ. ತಾನು ಸುಳ್ಳು ಹೇಳಿದರೆ ಯಾರೂ ಈ ಪುಟಗಳನ್ನು ತೆರೆಯುವುದಿಲ್ಲ. ಮುಂದಿನ ಎರಡನೇ ಕೈ ಬಂದು ಕೂರುತ್ತದೆ, ಆರು ಆರಾಗಿಯೇ ಉಳಿಯುತ್ತದೆ.

ಹತ್ತು ಗಂಟೆಗೆ ಮ್ಯಾನೇಜರ್ ಎದುರು ಪುಟಸಂಖ್ಯೆಗಳ ಚೀಟಿ ಇಟ್ಟಳು.

"ಯಾರೂ ಯಾರದ್ದೂ ನೋಡಿಲ್ಲ ಸರ್. ಅವರು ನನ್ನ ಸೋದರಮಾವ. ನನಗೆ ಲೆಕ್ಕ ಕಲಿಸಿದ್ದು ಅವರೇ. ಅವರಿಗೆ ಇದೊಂದು ಗೊತ್ತಿರಲಿಲ್ಲ, ಹಾಗಾಗಿ ನನಗೂ ಗೊತ್ತಿರಲಿಲ್ಲ."

ಮ್ಯಾನೇಜರ್ ಚೀಟಿಯನ್ನೂ ಅವಳನ್ನೂ ನೋಡಿದರು. ಕನ್ನಡಕ ತೆಗೆದರು. ಒರೆಸಲಿಲ್ಲ.

"ಸಹಿ ಹಾಕಿದ ಕಾಗದದಲ್ಲಿ ಇಲ್ಲ ಅಂತ ಬರೆದಿದ್ರಲ್ಲ."

"ಸುಳ್ಳು ಬರೆದಿದ್ದೆ."

"ಈಗ ಹೇಳ್ತಿರೋದು ನಿಜ ಅಂತ ನಾನು ಯಾಕೆ ನಂಬಬೇಕು? ಮಾವನ ಕಳ್ಳತನ ಮುಚ್ಚೋಕೆ ಹೇಳ್ತಿರಬಹುದು."

"ಆ ಪುಟ ತೆಗೆದು ಲೇಖಕರಿಗೆ ತೋರಿಸಿ ಸರ್. ಒಂಬತ್ತು ವರ್ಷದಿಂದ ಇಂಥ ಲೆಕ್ಕ ಬಂದಲ್ಲೆಲ್ಲ ತಪ್ಪು ಒಂದೇ ಇದೆ. ಕಳ್ಳತನಕ್ಕಿಂತ ಇದು ಕಮ್ಮಿ ಅಂತ ನಾನು ಹೇಳ್ತಿಲ್ಲ."

"ಹಾಗಾದ್ರೆ ಒಂಬತ್ತು ವರ್ಷ ನಾನು ಎರಡು ಕೈ ಅಂತ ಇಟ್ಟುಕೊಂಡಿದ್ದು ಒಂದೇ ಕೈ." ಅವರು ಇದನ್ನು ಕೋಪದಿಂದ ಹೇಳಲಿಲ್ಲ, ತೂಕ ಕಡಿಮೆ ಬಂದ ಕಾಗದದ ಕಟ್ಟನ್ನು ಕೈಯಲ್ಲಿ ಹಿಡಿದವರ ಹಾಗಿತ್ತು ಅವರ ಮುಖ. ಮಾವನನ್ನು ಕರೆಸಿದರು.

ಮಾವ ಬಂದು ನಿಂತರು. ಮೇಜಿನ ಮೇಲಿನ ಚೀಟಿ, ಅದರಲ್ಲಿದ್ದ ಅವಳ ಅಕ್ಷರ, ಎರಡನ್ನೂ ನೋಡಿದ ಮೇಲೆ ಅವಳತ್ತ ತಿರುಗಲಿಲ್ಲ. ಮ್ಯಾನೇಜರ್ ಹೇಳಿದ್ದನ್ನೆಲ್ಲ ಕೇಳಿಸಿಕೊಂಡರು. ಒಂಬತ್ತು ವರ್ಷದ ಉತ್ತರಗಳನ್ನೂ ಬೇರೆ ಯಾರಿಂದಲಾದರೂ ಹೊಸದಾಗಿ ಮಾಡಿಸಬೇಕು. ಮಾವ ಇವತ್ತೇ ಬಿಡಬೇಕು. ಅವಳನ್ನು ಬಿಡುವುದು, ಇಟ್ಟುಕೊಳ್ಳುವುದು ಈ ಪುಸ್ತಕ ಅಚ್ಚಿಗೆ ಹೋದ ಮೇಲೆ ಯೋಚಿಸುವ ಮಾತು. ಅಲ್ಲಿಯವರೆಗೆ ಅವಳ ಪ್ರತಿ ಹಾಳೆಯೂ ಲೇಖಕರ ಬಳಿ ಹೋಗಿ ಬರುತ್ತದೆ.

"ಏನಾದ್ರೂ ಹೇಳೋದಿದೆಯಾ?" ಎಂದರು ಮ್ಯಾನೇಜರ್.

"ಒಂದೇ" ಎಂದರು ಮಾವ. "ನನ್ನ ಜಾಗಕ್ಕೆ ಬರೋರನ್ನ, ಲೆಕ್ಕ ಯಾರ ಹತ್ರ ಕಲಿತ್ರಿ ಅಂತ ಮೊದಲು ಕೇಳಿ. ಈ ಊರಲ್ಲಿ ಅರ್ಧ ಜನ ನನ್ನ ಹತ್ರ ಕಲಿತವರೇ."

ಹಜಾರದಲ್ಲಿ ತಾಳೆಯಮ್ಮ ಅಡ್ಡಪಟ್ಟಿ ಹಿಡಿದು ನಿಂತಿದ್ದಳು, ಮೈಯೆಲ್ಲ ಕಿವಿಯಾಗಿ. ಮಾವ ತಮ್ಮ ಕೋಣೆಯಿಂದ ಊಟದ ಡಬ್ಬಿ, ಛತ್ರಿ ತಂದರು. ಸೋದರಸೊಸೆಯ ಮುಂದೆ ಬಂದಾಗ ಒಂದು ಹೆಜ್ಜೆ ತಡೆದರು.

"ಹೇಳ್ಬೇಡ ಅಂದಿದ್ದೆ ಕಣೇ" ಎಂದರು.

"ಹೌದು ಮಾವ."

ತಾಳೆಯಮ್ಮ ಮಾವನನ್ನೊಮ್ಮೆ, ಅವಳನ್ನೊಮ್ಮೆ ನೋಡಿ, ಅಡ್ಡಪಟ್ಟಿಯನ್ನು ಕಂಕುಳಿಗೆ ಸಿಕ್ಕಿಸಿಕೊಂಡಳು. ಮಾವ ಹೊರಗೆ ಹೋದರು. ಅವರಿಗೆ ಕೋಪವೋ, ಬಿಡುಗಡೆಯೋ, ಆ ಬೆನ್ನಿನಿಂದ ತಿಳಿಯುವಂತಿರಲಿಲ್ಲ.

ಮಹಡಿಯ ಕೋಣೆಯಲ್ಲಿ ಹೊಸ ಪಾಠದ ಹಾಳೆಗಳು ಬಂದಿದ್ದವು. ಅವಳು ಕುರ್ಚಿ ಎಳೆದು ಕೂತಳು. ಮೊದಲನೆಯ ಲೆಕ್ಕ, ಪುಸ್ತಕದಲ್ಲೇ ಅತಿ ಸುಲಭದ್ದು: a² ನ್ನು a³ ನಿಂದ ಗುಣಿಸಿ. ಪೆನ್ನು ತಾನಾಗಿ a⁵ ಬರೆಯಲು ಹೊರಟಿತು. ಅವಳು ತಡೆದಳು. ಘಾತಗಳನ್ನು ಕೂಡಿಸಬೇಕೆಂದು ತನಗೆ ಹೇಳಿದ್ದು ಯಾರು? ಇದು ಸರಿಯೆಂದು ಅವಳಿಗೆ ಗೊತ್ತಿತ್ತು. ಮೂವತ್ತೇಳನೆಯದು ಸರಿಯೆಂದೂ ಅವಳಿಗೆ ಇಷ್ಟೇ ಚೆನ್ನಾಗಿ ಗೊತ್ತಿತ್ತು.

ಅವಳು ಒಂದು ಖಾಲಿ ಹಾಳೆ ತೆಗೆದುಕೊಂಡಳು. a ಎಂದು ಬರೆದು, ಅದರ ಪಕ್ಕ ಇನ್ನೊಂದು a ಬರೆದಳು. ಸ್ವಲ್ಪ ಜಾಗ ಬಿಟ್ಟು ಮತ್ತೆ ಮೂರು. ಆಮೇಲೆ ಪೆನ್ನಿನ ತುದಿಯಿಂದ ಒಂದೊಂದನ್ನೇ ಮುಟ್ಟುತ್ತ ಎಣಿಸಿದಳು. ಐದು ಬಂತು. ಇನ್ನೊಮ್ಮೆ ಎಣಿಸಿದಳು.